ಬೋರ್ಡು ಬದಲಾದ ಊರಿನಲ್ಲಿ ರಿಪ್

ರಿಪ್ ವಾನ್ ವಿಂಕಲ್ ಕಥೆ ಕೇಳದವರು ಕಡಿಮೆ. ಹೆಂಡತಿಯ ಬೈಗುಳ ತಾಳಲಾರದೆ ಕೋವಿ ಹೆಗಲಿಗೇರಿಸಿ, ನಾಯಿಯನ್ನು ಕರಕೊಂಡು ಗುಡ್ಡ ಹತ್ತಿದ ಸೋಮಾರಿ ಅವನು. ಅಲ್ಲಿ ಹಳೇ ಕಾಲದ ಉಡುಪಿನ ವಿಚಿತ್ರ ಜನ, ಒಂದು ಮಾತೂ ಆಡದೆ, ಚೆಂಡು ಉರುಳಿಸಿ ಗೂಟ ಬೀಳಿಸುವ ಆಟ ಆಡುತ್ತಿದ್ದಾರೆ. ಚೆಂಡು ಉರುಳಿದರೆ ಗುಡುಗಿದ ಸದ್ದು. ಅವರ ಪೀಪಾಯಿಯ ಮದ್ಯವನ್ನು ಕದ್ದು ಕುಡಿದು ಮಲಗಿದವನು ಎದ್ದಾಗ 20 ವರ್ಷ ಕಳೆದಿದೆ. ಗಡ್ಡ ಒಂದಡಿ, ಕೋವಿಗೆ ತುಕ್ಕು, ನಾಯಿ ನಾಪತ್ತೆ. ಹುಡುಗನಾಗಿದ್ದಾಗ ಓದಿ ನಕ್ಕಿದ್ದೆ. ಐವತ್ತು ದಾಟಿದ ಮೇಲೆ ಮತ್ತೆ ಓದಿದಾಗ ನಗು ಬರಲಿಲ್ಲ.

ಅವನು ಮಲಗಿದ್ದು ಯಾವ 20 ವರ್ಷ ನೋಡಿ. ಮಲಗುವಾಗ ಅಮೆರಿಕ ಬ್ರಿಟಿಷ್ ದೊರೆ ಮೂರನೇ ಜಾರ್ಜನದು. 1775ರಿಂದ 1783ರವರೆಗೆ ನಡೆದ ಸ್ವಾತಂತ್ರ್ಯ ಯುದ್ಧ ಅವನ ನಿದ್ದೆಯಲ್ಲೇ ಮುಗಿದುಹೋಯಿತು! ಊರಿಗೆ ಬಂದರೆ ಹೋಟೆಲಿನ ಬೋರ್ಡಿನಲ್ಲಿ ಮುಖ ಅದೇ ದೊರೆಯದು, ಆದರೆ ಕೆಂಪು ಕೋಟು ನೀಲಿಯಾಗಿದೆ, ರಾಜದಂಡದ ಜಾಗದಲ್ಲಿ ಕತ್ತಿ, ಕೆಳಗೆ ಜನರಲ್ ವಾಷಿಂಗ್ಟನ್ ಎಂಬ ಹೆಸರು. ಅವತ್ತು ಚುನಾವಣೆ ಬೇರೆ. ಯಾವ ಪಕ್ಷ ಎಂದು ಜನ ಕೇಳಿದರೆ ಈ ಪುಣ್ಯಾತ್ಮ, ನಾನು ದೊರೆಯ ನಿಷ್ಠ ಪ್ರಜೆ ಅಂದುಬಿಡುತ್ತಾನೆ. ಗುಂಪು ಗೂಢಚಾರ ಎಂದು ಕೂಗುತ್ತದೆ.

ಇದು ಬರೀ ತಮಾಷೆ ಅಲ್ಲ. ದೊರೆಯ ಪರ ನಿಂತವರ ಆಸ್ತಿ ಜಪ್ತಿಗೆ ನ್ಯೂಯಾರ್ಕ್ 1779ರಲ್ಲೇ ಕಾನೂನು ಮಾಡಿತ್ತು. ಸುಮಾರು 60,000 ಜನ ದೇಶ ಬಿಟ್ಟು ಕೆನಡಾ, ಇಂಗ್ಲೆಂಡ್ ಅಂತ ಹೋದರು. ಮಲಗುವ ಮುಂಚೆ ಎಲ್ಲರೂ ಆಡುತ್ತಿದ್ದ ಮಾತು, ಎದ್ದ ಮೇಲೆ ಅಪರಾಧ. ರಿಪ್‌ಗೆ ಅಪಾಯ ಬಂದದ್ದು ಆ ಒಂದು ಮಾತಿನಿಂದ.

ಕಥೆ ಬರೆದ ವಾಷಿಂಗ್ಟನ್ ಇರ್ವಿಂಗ್ ಹುಟ್ಟಿದ್ದು ಆ ಯುದ್ಧ ಮುಗಿದ 1783ರಲ್ಲಿ, ನ್ಯೂಯಾರ್ಕಿನ ವ್ಯಾಪಾರಿ ಮನೆತನದಲ್ಲಿ. 1815ರಲ್ಲಿ ಇಂಗ್ಲೆಂಡಿಗೆ ಹೋದವನಿಗೆ ಲಿವರ್‌ಪೂಲ್‌ನಲ್ಲಿದ್ದ ಅಣ್ಣಂದಿರ ಆಮದು-ರಫ್ತು ಸಂಸ್ಥೆ ಗಂಟುಬಿತ್ತು. ಅಣ್ಣನಿಗೆ ಕಾಯಿಲೆ, ಗೋದಾಮಿನಲ್ಲಿ ಮಾರಾಟವಾಗದ ಮಾಲು, ಮೇಲೆ ಸಾಲ. 1818ರಲ್ಲಿ ದಿವಾಳಿ. ಸಾಲದ ಫೈಲು ನೋಡಿಯೇ ವಯಸ್ಸು ಕಳೆದ ನನಗೆ ಇದು ಅರ್ಥವಾಗುತ್ತದೆ: ದಿವಾಳಿಯಾದವನು ಎಲ್ಲಿಗೆ ಬೇಕಾದರೂ ಹೋಗಬಲ್ಲ, ಊರಿಗೆ ಮಾತ್ರ ಹೋಗಲಾರ. ಬರ್ಮಿಂಗ್‌ಹ್ಯಾಮ್‌ನ ಅಕ್ಕನ ಮನೆಯಲ್ಲಿ ಕೂತು ಇರ್ವಿಂಗ್ ಈ ಕಥೆ ಬರೆದ. ಮೂಲ ಎಳೆ ಒಂದು ಜರ್ಮನ್ ಜನಪದ ಕಥೆಯದು. ಕಥೆಯಲ್ಲಿ ಬರುವ ಕ್ಯಾಟ್‌ಸ್ಕಿಲ್ ಗುಡ್ಡವನ್ನು ಆಗ ಅವನು ಹತ್ತಿರಲೂ ಇಲ್ಲ, ಚಿಕ್ಕಂದಿನಲ್ಲಿ ಹಡ್ಸನ್ ನದಿಯ ದೋಣಿಯಿಂದ ನೋಡಿದ್ದಷ್ಟೆ. 1819ರಲ್ಲಿ ಕಥೆ ನ್ಯೂಯಾರ್ಕಿನಲ್ಲಿ ಅಚ್ಚಾಗಿ ಹೆಸರು ಮಾಡಿತು. ಆದರೆ ಕಥೆಗಾರ ಊರಿಗೆ ಮರಳಿದ್ದು 1832ರಲ್ಲಿ, ಬರೋಬ್ಬರಿ 17 ವರ್ಷದ ಮೇಲೆ. 1810ರಲ್ಲಿ 96 ಸಾವಿರ ಇದ್ದ ನ್ಯೂಯಾರ್ಕಿನ ಜನಸಂಖ್ಯೆ 1830ಕ್ಕೆ ಎರಡು ಲಕ್ಷ ದಾಟಿತ್ತು.

ನಮ್ಮ ಪುರಾಣದ ಕಕುದ್ಮಿ ರಾಜನದೂ ಇದೇ ಪಾಡು. ಮಗಳು ರೇವತಿಗೆ ವರ ಕೇಳಲು ಬ್ರಹ್ಮಲೋಕಕ್ಕೆ ಹೋದ, ಹಾಡು ಮುಗಿಯಲಿ ಎಂದು ಸ್ವಲ್ಪ ಕಾದ, ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿತ್ತು. ಪುಣ್ಯಕ್ಕೆ ಬಲರಾಮ ಸಿಕ್ಕಿದ, ಮದುವೆ ಆಯಿತು. ಅಲ್ಲಿ ಯಾರೂ ಯಾವ ಪಕ್ಷ ಎಂದು ಕೇಳಲಿಲ್ಲ.

ಬೋರ್ಡಿನ ವಿಷಯ ಮುಂಬಯಿಯಲ್ಲಿರುವ ನಾವು ಕಣ್ಣಾರೆ ನೋಡಿದ್ದೇ. ಕರಾವಳಿಯವರ ವಿಜಯಾ ಬ್ಯಾಂಕ್ 2019ರ ಏಪ್ರಿಲ್ 1ರಂದು, ಸಿಂಡಿಕೇಟ್ ಮತ್ತು ಕಾರ್ಪೊರೇಶನ್ ಬ್ಯಾಂಕ್‌ಗಳು 2020ರ ಏಪ್ರಿಲ್ 1ರಂದು ಬೇರೆ ಬ್ಯಾಂಕುಗಳಲ್ಲಿ ವಿಲೀನವಾದವು. ಆಮೇಲೂ ಹಳೇ ಪಾಸ್‌ಬುಕ್ ಹಿಡಿದು, ನಮ್ಮ ಬ್ಯಾಂಕ್ ಎಲ್ಲಿ ಮಾರಾಯ್ರೆ ಅಂತ ವಿಚಾರಿಸುವ ಹಿರಿಯರಿದ್ದರು. ಎರಡು ವರ್ಷ ವ್ಯವಹಾರ ಇಲ್ಲದ ಖಾತೆ ನಿಷ್ಕ್ರಿಯ. ದುಡ್ಡು ಎಲ್ಲೂ ಹೋಗುವುದಿಲ್ಲ, ಆದರೆ ನಾನೇ ಅವನು ಎಂದು ಕಾಗದಪತ್ರ ಕೊಟ್ಟು ತೋರಿಸಬೇಕು.

ರಿಪ್‌ಗೂ ಅದೇ ಕಷ್ಟ ಬಂತು. ತನ್ನದೇ ಪಡಿಯಚ್ಚಿನಂತೆ ಎದುರಿಗೆ ನಿಂತ ಮಗನನ್ನು ನೋಡಿ, ಅವನೇ ರಿಪ್ ಆದರೆ ನಾನು ಯಾರು ಎಂದು ಗಾಬರಿಯಾಗುತ್ತಾನೆ. ಕೊನೆಗೆ ಒಬ್ಬ ಮುದುಕಿ ಹಣೆಗೆ ಕೈ ಅಡ್ಡ ಹಿಡಿದು ಮುಖ ದಿಟ್ಟಿಸಿ ಗುರುತು ಹೇಳುತ್ತಾಳೆ.

ನನಗೆ ರಿಟೈರ್ ಆಗಲು ಇನ್ನೆರಡು ವರ್ಷ. ಊರಿಗೆ ಹೋಗಿ ಇರೋಣ ಎಂದು ಮನೆಯಲ್ಲಿ ಮಾತಾಗುತ್ತಿದೆ. ಆ ಮುದುಕಿಯ ಹಾಗೆ ನನ್ನ ಗುರುತು ಹೇಳಬಲ್ಲವರು ಅಲ್ಲಿ ಈಗ ಇಬ್ಬರು ಉಳಿದಿದ್ದಾರೆ.