ಸ್ಮಿತ್‌ನ ವಾರಸುದಾರರು: ಡೊನಾಲ್ಡ್ ವಿಂಚ್ ಅವರ ಪುಸ್ತಕಗಳ ಕುರಿತು

ಆಡಂ ಸ್ಮಿತ್ ತೀರಿಕೊಂಡದ್ದು 1790ರಲ್ಲಿ. ಮರುವರ್ಷವೇ ಥಾಮಸ್ ಪೇನ್ 'ರೈಟ್ಸ್ ಆಫ್ ಮ್ಯಾನ್'ನಲ್ಲಿ ಎಡ್ಮಂಡ್ ಬರ್ಕ್‌ನನ್ನು ಹಂಗಿಸಿದ: ಸ್ಮಿತ್‌ಗಿದ್ದ ಪ್ರತಿಭೆ ಇವನಿಗೂ ಇದ್ದಿದ್ದರೆ ಸಂವಿಧಾನವೆಂಬುದು ಯಾವ ಯಾವ ಅಂಗಗಳಿಂದ ಕೂಡಿಬರುತ್ತದೆಂದು ತಿಳಿಯುತ್ತಿತ್ತು, ಎಂದು. 1795ರಲ್ಲಿ ಇಂಗ್ಲೆಂಡಿನಲ್ಲಿ ಧಾನ್ಯದ ಅಭಾವ ತಲೆದೋರಿದಾಗ ಇದೇ ಬರ್ಕ್ ಪ್ರಧಾನಿ ಪಿಟ್‌ಗೆ ಒಂದು ಮನವಿ ಬರೆದ. ಧಾನ್ಯದ ವ್ಯಾಪಾರಕ್ಕೂ ಕೂಲಿಯ ದರಕ್ಕೂ ಸರ್ಕಾರ ಕೈಹಾಕಬಾರದು ಎಂಬುದು ಅದರ ವಾದ. ಅವನು ಸತ್ತ ಮೇಲೆ, 1800ರಲ್ಲಿ, ಅದು ಅಚ್ಚಾಯಿತು. ಅದನ್ನು ಸ್ಮಿತ್‌ನ ಮಾತೆಂದೇ ಬಗೆದವರು ಬಹಳ.

ಈ ಗಂಟು ಬಿಡಿಸಲು ಕುಳಿತವರಲ್ಲಿ ಮುಖ್ಯರು ಡೊನಾಲ್ಡ್ ವಿಂಚ್ (1935–2017). ಪ್ರಿನ್ಸ್‌ಟನ್‌ನಲ್ಲಿ ಜೇಕಬ್ ವೈನರ್ ಅವರ ಬಳಿ ಪಳಗಿ, 1963ರಿಂದ ಸಸೆಕ್ಸ್ ವಿಶ್ವವಿದ್ಯಾನಿಲಯದಲ್ಲಿ ಪಾಠ ಹೇಳಿದವರು. ವಸಾಹತುಗಳ ಕುರಿತ ಅವರ 1965ರ ಪುಸ್ತಕವನ್ನು ಇಲ್ಲಿ ಬಿಡುತ್ತೇನೆ. ಅವರಿಗೆ ಹೆಸರು ತಂದದ್ದು 1978ರ 'ಆಡಂ ಸ್ಮಿತ್ಸ್ ಪಾಲಿಟಿಕ್ಸ್' ಎಂಬ ತೆಳ್ಳಗಿನ ಪುಸ್ತಕ.

ಅವರು ಓದುವ ಬಗೆಗೆ ಒಂದು ಉದಾಹರಣೆ. ಜೀವನವಿಡೀ ಒಂದೆರಡು ಸರಳ ಕೆಲಸಗಳನ್ನೇ ಮಾಡುವವನ ಬುದ್ಧಿ ಮೊದ್ದಾಗುತ್ತದೆ ಎಂಬ ಮಾತು 'ವೆಲ್ತ್ ಆಫ್ ನೇಷನ್ಸ್'ನ ಐದನೆಯ ಭಾಗದಲ್ಲಿದೆ. ಮಾರ್ಕ್ಸ್ ಅದನ್ನು 'ಕ್ಯಾಪಿಟಲ್'ನಲ್ಲಿ ಎತ್ತಿಕೊಂಡ. ಅಲ್ಲಿಂದಾಚೆ ಅದನ್ನು ಮಾರ್ಕ್ಸ್‌ವಾದದ ಮುನ್ನುಡಿಯೆಂದು ಓದುವುದು ರೂಢಿಯಾಯಿತು. ವಿಂಚ್ ಅದನ್ನು ಇದ್ದಲ್ಲೇ ಇಟ್ಟು ಓದುತ್ತಾರೆ. ಆ ಮಾತು ಬರುವುದು ಶಿಕ್ಷಣಕ್ಕೆ ಸರ್ಕಾರ ಮಾಡಬೇಕಾದ ಖರ್ಚಿನ ಚರ್ಚೆಯಲ್ಲಿ. ಇಂಥವನು ದೇಶದ ಹಿತವನ್ನು ತೂಗಿ ನೋಡಲಾರ, ಯುದ್ಧ ಬಂದರೆ ಅದನ್ನು ಕಾಯಲೂ ಆರ ಎಂಬುದು ಸ್ಮಿತ್‌ನ ಆತಂಕ. ನಾಗರಿಕ ಪಡೆ ಬೇಕೋ ಖಾಯಂ ಸೈನ್ಯ ಬೇಕೋ ಎಂದು ಅವನ ಸ್ನೇಹಿತರ ಬಳಗದಲ್ಲೇ ಜಗಳವಿತ್ತು. ಕಾನೂನು ಮಾಡುವವನ ಜಾಗದಲ್ಲಿ ನಿಂತು ಯೋಚಿಸುತ್ತಿದ್ದ ಸ್ಮಿತ್ ಹೀಗೆ ಕಣ್ಣಿಗೆ ಬೀಳುತ್ತಾನೆ.

ಬರ್ಕ್ ಪ್ರಶ್ನೆಗೆ ವಿಂಚ್ ಕೈಹಾಕಿದ್ದು 1985ರ ಲೇಖನದಲ್ಲಿ. ಅದು 1996ರ 'ರಿಚಸ್ ಅಂಡ್ ಪಾವರ್ಟಿ'ಯಲ್ಲಿ ವಿಸ್ತಾರ ಪಡೆಯಿತು. ಬರ್ಕ್‌ಗೆ ದುಡಿಮೆ ಬರಿಯ ಸರಕು. ಕೂಲಿಯವನು ಅದರಿಂದ ಬದುಕಲಾರದೆ ಹೋದರೆ ಮುಂದಿನದು ದಾನಧರ್ಮದ ಬಾಬತ್ತು. ಸ್ಮಿತ್ ಹೀಗೆ ಬರೆದವನಲ್ಲ. ಮಾಲೀಕರು ಒಳಗೊಳಗೇ ಕೂಡಿಕೊಂಡು ಕೂಲಿ ಇಳಿಸುವುದನ್ನು ಅವನು ಬಯಲು ಮಾಡಿದ. ಕಾರ್ಮಿಕರ ಪರವಾದ ಕಟ್ಟಳೆ ಯಾವಾಗಲೂ ನ್ಯಾಯವೇ ಎಂದ. ಧಾನ್ಯದ ವ್ಯಾಪಾರದಲ್ಲಿ ಇಬ್ಬರೂ ಹತ್ತಿರ, ಕೂಲಿಯ ವಿಷಯದಲ್ಲಿ ದೂರ. ಪೇನ್‌ಗೂ ಸ್ಮಿತ್ ಮೇಲೆ ಹಕ್ಕಿದೆಯೆಂದು ತೋರಿಸುವ ಈ ಪುಸ್ತಕವೇ ವಿಂಚ್ ಬರೆದದ್ದರಲ್ಲಿ ಶ್ರೇಷ್ಠವೆಂದು ನನ್ನ ಎಣಿಕೆ. 2009ರ 'ವೆಲ್ತ್ ಅಂಡ್ ಲೈಫ್' ಪ್ರಬಂಧಗಳ ಸಂಕಲನ, ಅಷ್ಟು ಬಿಗಿಯಿಲ್ಲ. ಮುಂದಾದದ್ದನ್ನು ಹಿಂದಕ್ಕೆ ಹೊರಿಸಬಾರದೆಂಬ ಅವರ ಎಚ್ಚರ ಕೆಲವೆಡೆ ಅತಿಯಾಗಿ, ಬೆಲೆ, ಗೇಣಿ, ಲಾಭಗಳ ಸಿದ್ಧಾಂತ ಹಿನ್ನೆಲೆಗೆ ಸರಿದುಬಿಡುತ್ತದೆ.

ಈ ಎರಡೂ ಪುಸ್ತಕಗಳ ಉಪಶೀರ್ಷಿಕೆಗಳು ಬ್ರಿಟನ್ನಿಗೆ ಗೆರೆ ಎಳೆದುಕೊಂಡಿವೆ. ವಾರಸುದಾರಿಕೆ ಮಾತ್ರ ಆ ಗೆರೆಗೆ ನಿಲ್ಲಲಿಲ್ಲ. ಧಾತು, ಈಶ್ವರ ಸಂವತ್ಸರಗಳ ಬರ (1876–78) ಮೈಸೂರು, ಬಳ್ಳಾರಿಗಳನ್ನು ಸುಟ್ಟಾಗ ಮದರಾಸು ಸರ್ಕಾರ ತಾನೇ ಧಾನ್ಯ ಕೊಳ್ಳಲು ಹೊರಟಿತು. ಖಾಸಗಿ ವರ್ತಕರು ಹಿಂಜರಿಯುತ್ತಾರೆಂದು ಕಲ್ಕತ್ತೆಯಲ್ಲಿದ್ದ ವೈಸರಾಯ್ ಲಿಟ್ಟನ್‌ನ ಸರ್ಕಾರ ಅದನ್ನು ಆಕ್ಷೇಪಿಸಿತು. ಈ ಧೋರಣೆಗೆ ಆಧಾರವಾಗಿ ಹೇಳಿಕೊಳ್ಳುವ ಸ್ಮಿತ್‌ನ ಧಾನ್ಯ ವ್ಯಾಪಾರದ ಚರ್ಚೆಯಲ್ಲೇ ಬಂಗಾಳದ ಬರಗಾಲದ ಮಾತೂ ಬರುತ್ತದೆ. ಅಲ್ಲಿ ಅವನು ದೂರುವುದು ಈಸ್ಟ್ ಇಂಡಿಯಾ ಕಂಪನಿಯ ನೌಕರರನ್ನು: ಅಕ್ಕಿ ವ್ಯಾಪಾರಕ್ಕೆ ಅವರು ಹೇರಿದ ನಿರ್ಬಂಧಗಳೇ ಅಭಾವವನ್ನು ಕ್ಷಾಮವಾಗಿಸಿರಬೇಕೆಂದು. ಬರ್ಕ್ ಮತ್ತು ಪೇನ್ ಜೊತೆಗೆ ಕಲ್ಕತ್ತೆಯ ಅಧಿಕಾರಿಗಳನ್ನೂ ಸೇರಿಸಿ ವಾರಸುದಾರರ ಪಟ್ಟಿಯನ್ನು ವಿಂಚ್ ಅವರ ಕ್ರಮದಲ್ಲೇ ಮತ್ತೆ ಪರಿಶೀಲಿಸುವ ಕೆಲಸ ಉಳಿದಿದೆ. ಅದಕ್ಕೆ ಬೇಕಾದ ಕ್ಷಾಮ ವರದಿಗಳಿಗೆ ಕೊರತೆಯಿಲ್ಲ.