ರಾವಣ, ನಾರದ, ಶಕಾರ

ನಟನ ಹಿರಿಮೆಯನ್ನು ಅಳೆಯುವ ಕೋಲು ಯಾವುದು? ಒಂದೇ ಪಾತ್ರವನ್ನು ನೂರಾರು ಸಲ ಅಭಿನಯಿಸಿ ಅದರಿಂದಲೇ ಹೆಸರಾದವರುಂಟು. ಯಾವ ಪಾತ್ರವನ್ನು ಧರಿಸಿದರೂ ಅದರಲ್ಲಿ ಕರಗಿಹೋಗುವವರೂ ಉಂಟು. ಈ ಎರಡನೆಯ ಬಗೆಯವರು ವಿರಳ. ಆರ್. ನಾಗೇಂದ್ರರಾಯರು ಅಂಥ ವಿರಳರಲ್ಲಿ ಒಬ್ಬರು.

ಚಿತ್ರದುರ್ಗ ಜಿಲ್ಲೆಯ ಹೊಳಲ್ಕೆರೆಯಲ್ಲಿ 1896ರಲ್ಲಿ ಜನಿಸಿದ ರಾಯರು ಎಳೆತನದಲ್ಲಿಯೇ ರಂಗವನ್ನೇರಿದರು. ವಾಚಕರೇ, ಆ ಕಾಲದ ರಂಗಭೂಮಿಯನ್ನು ಕೊಂಚ ಕಲ್ಪಿಸಿಕೊಳ್ಳಿ. ನೀವು ರೇಡಿಯೋದ ಗುಂಡಿಯನ್ನು ತಿರುವಿದರೆ ನಟನ ಪಿಸುಮಾತೂ ಕಿವಿಗೆ ಬೀಳುತ್ತದೆ. ಅಂದು ಧ್ವನಿವರ್ಧಕವಿರಲಿಲ್ಲ. ಕೊನೆಯ ಸಾಲಿನಲ್ಲಿ ಕುಳಿತವನಿಗೂ ಮಾತು ಮುಟ್ಟಬೇಕು, ಹಾಡು ಕೇಳಿಸಬೇಕು. ರಾತ್ರಿಯೆಲ್ಲ ಕಂಠ ಉಳಿಯಬೇಕು. ರಾಯರು ಕಲಿತದ್ದು ಈ ಗರಡಿಯಲ್ಲಿ. ಮುಂದೆ ಎಂ. ವಿ. ಸುಬ್ಬಯ್ಯನಾಯ್ಡು ಅವರೊಡನೆ ಕೂಡಿ ಅವರು ಶ್ರೀ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿಯನ್ನು ನಡೆಸಿದರು.

1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ‘ಸತಿ ಸುಲೋಚನ’ ತೆರೆಕಂಡಿತು. ತೆರೆಯ ಮೇಲೆ ಕನ್ನಡ ಮಾತನಾಡಿದ ಮೊದಲ ಚಿತ್ರವದು. ಕೊಲ್ಹಾಪುರದಲ್ಲಿ ತಯಾರಾದ ಆ ಚಿತ್ರದ ನಿರ್ದೇಶಕರು ವೈ. ವಿ. ರಾವ್. ಸುಬ್ಬಯ್ಯನಾಯ್ಡು ಇಂದ್ರಜಿತು, ನಾಗೇಂದ್ರರಾಯರು ಅವನ ತಂದೆ ರಾವಣ.

ಮುಂದಿನದು ನೋಡಿ. 1940ರ ತೆಲುಗು ‘ಭೂಕೈಲಾಸ’ದಲ್ಲಿ ನಾಯ್ಡು ಅವರೇ ರಾವಣರಾದರು. ರಾಯರು ವೀಣೆ ಹಿಡಿದು, ಅದೇ ರಾವಣನ ಬೆನ್ನುಬಿದ್ದ ನಾರದರಾದರು! ಮರುವರ್ಷ ‘ವಸಂತಸೇನ’ದಲ್ಲಿ ಶಕಾರನ ವೇಷ. ಶೂದ್ರಕನ ‘ಮೃಚ್ಛಕಟಿಕ’ವನ್ನು ಓದಿದವರು ಈ ಶಕಾರನನ್ನು ಬಲ್ಲರು. ರಾಜನ ಮೈದುನನೆಂಬ ಮದ, ‘ಸ’ಕಾರ ಬರಬೇಕಾದಲ್ಲಿ ‘ಶ’ಕಾರ, ಪುರಾಣದ ಹೆಸರುಗಳನ್ನೆಲ್ಲ ಕಲಸಿ ಆಡುವ ಪಾಂಡಿತ್ಯ. ನಗಿಸುತ್ತಲೇ ಹೆಣ್ಣಿನ ಕುತ್ತಿಗೆ ಹಿಸುಕುವ ಕ್ರೂರಿ ಅವನು. ನಗೆ ಹೆಚ್ಚಾದರೆ ಅವನು ವಿದೂಷಕನಾಗುತ್ತಾನೆ. ಕ್ರೌರ್ಯ ಹೆಚ್ಚಾದರೆ ಬರಿಯ ರಾಕ್ಷಸನಾಗುತ್ತಾನೆ. ಇವೆರಡನ್ನೂ ತಕ್ಕಡಿಯಲ್ಲಿಟ್ಟು ತೂಗಬಲ್ಲ ನಟನಿಗೇ ಈ ಪಾತ್ರ ಒಲಿಯುತ್ತದೆ. ರಾಯರಿಗೆ ಅದು ಒಲಿಯಿತು.

ಅಭಿನಯಕ್ಕೇ ಅವರು ನಿಲ್ಲಲಿಲ್ಲ. ‘ಮಹಾತ್ಮ ಕಬೀರ್’ (1947), ‘ಜಾತಕಫಲ’ (1953), ‘ಪ್ರೇಮದ ಪುತ್ರಿ’ (1957) ಮೊದಲಾದ ಚಿತ್ರಗಳನ್ನು ನಿರ್ದೇಶಿಸಿದರು. ಮಕ್ಕಳೂ ಅದೇ ದಾರಿ ಹಿಡಿದರು: ಆರ್. ಎನ್. ಜಯಗೋಪಾಲ್ ಹಾಡು ಬರೆದರು, ಪ್ರಸಾದ್ ಕ್ಯಾಮೆರಾ ಹಿಡಿದರು, ಸುದರ್ಶನ್ ಬಣ್ಣ ಹಚ್ಚಿದರು.

ತ್ರಿವೇಣಿಯವರ ಕಾದಂಬರಿಯಿಂದ ಮೂಡಿದ ‘ಹಣ್ಣೆಲೆ ಚಿಗುರಿದಾಗ’ 1968ರಲ್ಲಿ ಬಂದಾಗ ರಾಯರು ಎಪ್ಪತ್ತು ದಾಟಿದ್ದರು. ವಿಧವೆಯ ಮರುಮದುವೆ ಅದರ ವಸ್ತು. ಕಿರೀಟವಿಲ್ಲ, ಗದೆಯಿಲ್ಲ, ಕಂದ ವೃತ್ತಗಳ ಅಬ್ಬರವಿಲ್ಲ. ಮನೆಯೊಳಗಿನ ಹಿರಿಯನೊಬ್ಬನ ಮಾತು ಮತ್ತು ಮೌನ ಮಾತ್ರ. ಕೊನೆಯ ಸಾಲಿಗೆ ಮಾತನ್ನು ಎಸೆಯಲು ಕಲಿತ ಕಂಠ, ಹತ್ತಿರದಲ್ಲಿ ಕುಳಿತವರೊಡನೆ ಆಡುವಂತೆ ತಗ್ಗಿ ನುಡಿಯುವುದನ್ನೂ ಅರಿತಿತ್ತು. ಬಹುಮುಖ ಪ್ರತಿಭೆ ಎಂದರೆ ವೇಷಗಳ ಸಂಖ್ಯೆಯಲ್ಲ. ಕಾಲ ಬದಲಾದಾಗ ತಾನು ಕಲಿತದ್ದನ್ನು ಅಳೆದು ಬಳಸುವ ವಿವೇಕ.

ರಾಯರು 1977ರಲ್ಲಿ ತೀರಿಕೊಂಡರು. ಆ ಹಿರಿಯನನ್ನು ನಾವು ಈಗಲೂ ನೋಡಬಹುದು. ಆದರೆ ‘ಸತಿ ಸುಲೋಚನ’ದ ಪ್ರತಿ ಉಳಿದಿಲ್ಲ. ಕನ್ನಡದ ಮೊದಲ ವಾಕ್ಚಿತ್ರದ ರಾವಣ ಹೇಗೆ ಗರ್ಜಿಸಿದನು, ಮಗನು ಮಡಿದಾಗ ಹೇಗೆ ಕುಗ್ಗಿದನು ಎಂದು ಮಕ್ಕಳು ಕೇಳಿದರೆ ತೋರಿಸಲು ನಮ್ಮಲ್ಲಿ ಏನೂ ಇಲ್ಲ. ರಂಗದ ಮಾತು ಗಾಳಿಯಲ್ಲಿ ಕರಗುವುದು ಅದರ ಧರ್ಮ. ಹಿಡಿದಿಟ್ಟದ್ದನ್ನೂ ಕಳೆದುಕೊಂಡದ್ದು ನಮ್ಮ ಅಲಕ್ಷ್ಯ.

ನಿಮ್ಮ ಮನೆಯ ಅಟ್ಟದ ಮೇಲೆ ಕಂಪೆನಿ ನಾಟಕದ ಕರಪತ್ರವೋ ಹಳೆಯ ಚಿತ್ರದ ಹಾಡಿನ ಪುಸ್ತಕವೋ ಇದ್ದೀತು. ಈ ಸಲ ಮನೆ ಸಾರಿಸುವಾಗ ಅದನ್ನು ರದ್ದಿಗೆ ಹಾಕಬೇಡಿ.