ಬೋ ಸ್ಟ್ರೀಟಿನ ದಫ್ತರ

ಮನೆಗೆ ಕನ್ನ ಬಿದ್ದರೆ ಯಾರ ಬಳಿ ಓಡಬೇಕು? 1740ರ ದಶಕದ ಲಂಡನ್ನಿನಲ್ಲಿ ಇದಕ್ಕೆ ನೆಟ್ಟಗಿನ ಉತ್ತರ ಇರಲಿಲ್ಲ. ಸರ್ಕಾರಿ ಪೊಲೀಸ್ ಪಡೆ ಇಲ್ಲ. ಊರಿನ ಗೃಹಸ್ಥರೇ ಸರದಿಯ ಮೇಲೆ, ಸಂಬಳವಿಲ್ಲದೆ ಕಾನ್‌ಸ್ಟೇಬಲ್‌ಗಳಾಗಬೇಕಿತ್ತು. ಕಳ್ಳರನ್ನು ಹಿಡಿದುಕೊಟ್ಟವರಿಗೆ ಇನಾಮು ಸಿಗುತ್ತಿದ್ದುದರಿಂದ ಅದೇ ಕೆಲವರ ಕಸುಬಾಗಿತ್ತು. ಅವರಲ್ಲಿ ಹೆಸರಾಂತ ಜೊನಾಥನ್ ವೈಲ್ಡ್ ತನ್ನವರಿಂದಲೇ ಕಳವು ಮಾಡಿಸಿ, ಮಾಲನ್ನು ಹಣಕ್ಕೆ ಮರಳಿಸುತ್ತಿದ್ದು, 1725ರಲ್ಲಿ ಗಲ್ಲಿಗೇರಿದ್ದ. ಮ್ಯಾಜಿಸ್ಟ್ರೇಟರಲ್ಲೂ ಹಲವರು ಕಕ್ಷಿಗಾರರ ಶುಲ್ಕದಿಂದಲೇ ಬದುಕುತ್ತಿದ್ದರು. ಜಗಳ ಹೆಚ್ಚಿದಷ್ಟೂ ಗಳಿಕೆ.

‘ಟಾಮ್ ಜೋನ್ಸ್’ ಕಾದಂಬರಿ ಬರೆದ ಹೆನ್ರಿ ಫೀಲ್ಡಿಂಗ್ 1748ರ ಕೊನೆಗೆ ಬೋ ಸ್ಟ್ರೀಟಿನ ಮ್ಯಾಜಿಸ್ಟ್ರೇಟನಾಗಿ ಬಂದ. ಕೂಲಿಗಳ, ಭಿಕ್ಷುಕರ ಜಗಳಗಳನ್ನು ರಾಜಿ ಮಾಡಿಸಿ ಕಳಿಸಿದ. 500 ಪೌಂಡಿನ ವಾರ್ಷಿಕ ವರಮಾನ 300ರ ಆಸುಪಾಸಿಗೆ ಇಳಿಯಿತೆಂದು ತಾನೇ ಬರೆದಿಟ್ಟ. ನಂಬಿಕಸ್ಥರ ಸಣ್ಣ ತಂಡ ಕಟ್ಟಿ ದರೋಡೆಕೋರರ ಬೆನ್ನಟ್ಟಿದ.

1754ರಲ್ಲಿ ಆ ಪೀಠ ಅವನ ಮಲತಾಯಿಯ ಮಗ ಜಾನ್‌ಗೆ ಬಂತು. ಹರೆಯದಲ್ಲೇ ಜಾನ್‌ನ ಕಣ್ಣು ಹೋಗಿತ್ತು. ಸಾವಿರಾರು ಕಳ್ಳರನ್ನು ದನಿಯಿಂದಲೇ ಗುರುತಿಸುತ್ತಿದ್ದನೆಂಬ ಪ್ರತೀತಿ ಇದೆ. ಕೋರ್ಟಿನ ಕಡತಗಳ ನಡುವೆ ಬಾಳು ಸವೆಸಿದ ನನಗೆ ಆ ಕಿವಿಗಿಂತ ಅವನ ದಫ್ತರ ದೊಡ್ಡದು. ಗಡಿಯಾರ ಕಳೆದುಕೊಂಡವನು ತಡಮಾಡದೆ ಬಂದು ಅದರ ಗುರುತು, ಕಳ್ಳನ ಚಹರೆ, ಅವನೇರಿದ ಕುದುರೆಯ ಬಣ್ಣ ಬರೆಸಬೇಕು. ಅದು ‘ಪಬ್ಲಿಕ್ ಅಡ್ವರ್ಟೈಸರ್’ ಪತ್ರಿಕೆಯಲ್ಲಿ ಅಚ್ಚಾಗುತ್ತಿತ್ತು. ಅದನ್ನೋದಿದ ಗಿರವಿ ಅಂಗಡಿಯವನು ಗಡಿಯಾರ ತಂದವನನ್ನು ತಡೆದು ಬೋ ಸ್ಟ್ರೀಟಿಗೆ ಸುದ್ದಿ ಮುಟ್ಟಿಸಬೇಕು. 1772ರಿಂದ ಇಂಥ ವಿವರಗಳು ದೇಶದ ಇತರ ಮ್ಯಾಜಿಸ್ಟ್ರೇಟರಿಗೂ ಹೋಗತೊಡಗಿದವು.

ಕಟಕಟೆಗೆ ಬರುತ್ತಿದ್ದ ಹುಡುಗರು ಅವನನ್ನು ಇನ್ನೊಂದು ಕೆಲಸಕ್ಕೆ ಹಚ್ಚಿದರು. 1756ರಲ್ಲಿ ಚಂದಾ ಎತ್ತಿ, ಬಟ್ಟೆ ಕೊಡಿಸಿ, ದಿಕ್ಕಿಲ್ಲದ ಹುಡುಗರನ್ನು ನೌಕಾಪಡೆಗೆ ಸೇರಿಸಿದ. ಯುದ್ಧಕಾಲಕ್ಕೆ ಆಳುಗಳು ಬೇಕಿದ್ದದ್ದೂ ನಿಜ. ಆ ಮಕ್ಕಳು ಹೋದದ್ದು ಫಿರಂಗಿಗಳ ನಡುವೆ. 1758ರಲ್ಲಿ ಲ್ಯಾಂಬೆತ್‌ನಲ್ಲಿ ಅನಾಥ ಹೆಣ್ಣುಮಕ್ಕಳಿಗೆ ಆಶ್ರಯಧಾಮ ತೆರೆಸಿದ. ದಿಕ್ಕಿಲ್ಲದ ಹುಡುಗಿ ಸೂಳೆಗೇರಿಯ ಪಾಲಾದ ಮೇಲೆ ಶಿಕ್ಷೆ ವಿಧಿಸಿ ಫಲವಿಲ್ಲವೆಂಬುದು ಅವನಿಗೆ ಮನವರಿಕೆಯಾಗಿತ್ತು.

1780ರ ಜೂನ್‌ನಲ್ಲಿ ಲಂಡನ್ನಿನಲ್ಲಿ ಎದ್ದ ಕ್ಯಾಥಲಿಕ್-ವಿರೋಧಿ ಗಾರ್ಡನ್ ದಂಗೆಯಲ್ಲಿ ಜನಜಂಗುಳಿ ಅವನ ಕಚೇರಿಗೆ ನುಗ್ಗಿ ದಾಖಲೆಗಳನ್ನು ಸುಟ್ಟಿತು. ಸೆಪ್ಟೆಂಬರ್‌ನಲ್ಲಿ ಅವನೂ ತೀರಿಕೊಂಡ. ಪದ್ಧತಿ ಮಾತ್ರ ಉಳಿಯಿತು. ನೊಂದವನ ಮಾತನ್ನು ಕೇಳಿದೊಡನೆ ಬರೆದುಕೊಳ್ಳುವುದೇ ಪೊಲೀಸ್ ಕೆಲಸದ ಬುನಾದಿ ಎಂದು ನಾನು ನಂಬುತ್ತೇನೆ. ದೂರು ಬರೆದುಕೊಳ್ಳದೆ ಜನರನ್ನು ಅಲೆಸುವ ಠಾಣೆ, ಅದು ಎಲ್ಲೇ ಇರಲಿ, ಫೀಲ್ಡಿಂಗ್ ಸೋದರರಿಗಿಂತ ಹಿಂದಿನ ಕಾಲದಲ್ಲೇ ಇದೆ.